ಲಾಗ್‌ನಲ್ಲಿ ‘ಯಶಸ್ವಿ’, ಯಂತ್ರದಲ್ಲಿ ಹಳೆಯ ವಿಂಡೋಸ್: ಸ್ವಂತ ಸ್ಕ್ರಿಪ್ಟ್‌ನಿಂದ ಅಪ್‌ಡೇಟ್ ಮಾಡಿಸುವಾಗ ದೋಷ ಹುಡುಕುವ ಬಗೆ

ಶಿರಸಿಯ ಒಂದು ಅಡಿಕೆ ಸಹಕಾರಿ ಸಂಘದ ಕಂಪ್ಯೂಟರ್‌ಗಳನ್ನು ನೋಡಿಕೊಳ್ಳುವ ಕೆಲಸ ನನ್ನದು. ಮುಖ್ಯ ಕಚೇರಿ ಘಟ್ಟದ ಮೇಲೆ. ಕುಮಟಾ, ಅಂಕೋಲಾ, ಕಾರವಾರದ ಶಾಖೆಗಳು ಘಟ್ಟದ ಕೆಳಗೆ. ಪ್ರತಿ ಶಾಖೆಗೂ ಹೋಗಿ ವಿಂಡೋಸ್ ಅಪ್‌ಡೇಟ್ ಮಾಡಿ ಬರುವುದು ಆಗದ ಮಾತು, ಅದರಲ್ಲೂ ಮಳೆಗಾಲದಲ್ಲಿ. ಹಾಗಾಗಿ ವಾರಕ್ಕೊಮ್ಮೆ ರಾತ್ರಿ ಶಿರಸಿಯಿಂದಲೇ ಎಲ್ಲ ಯಂತ್ರಗಳಿಗೂ ಅಪ್‌ಡೇಟ್ ಹಾಕುವ ಒಂದು ವಿಬಿಸ್ಕ್ರಿಪ್ಟ್ (ವಿಂಡೋಸ್‌ನ ಹಳೆಯ ಸ್ಕ್ರಿಪ್ಟ್ ಭಾಷೆಯಲ್ಲಿ ಬರೆದ ಸಣ್ಣ ಪ್ರೋಗ್ರಾಂ) ಮೊದಲಿನಿಂದ ಇತ್ತು. ನನಗಿಂತ ಮುಂಚೆ ಇದ್ದವರು ಬರೆದದ್ದು. ಅದು ತಾನು ಮಾಡಿದ್ದನ್ನು ಬರೆದಿಡುವ ಲಾಗ್ ಕಡತದಲ್ಲಿ ಪ್ರತಿ ವಾರವೂ ಪ್ರತಿ ಯಂತ್ರದ ಎದುರು ‘ಯಶಸ್ವಿ’ ಎಂದೇ ಬರೆದಿರುತ್ತಿತ್ತು.

ಒಂದು ಬೆಳಿಗ್ಗೆ ಅಡಿಕೆ ಮಾರಾಟದ ಟೆಂಡರ್ ಶುರುವಾಗುವ ಹೊತ್ತಿಗೆ ತೂಕದ ಚೀಟಿ ಮುದ್ರಿಸುವ ಯಂತ್ರ ತಾನಾಗಿಯೇ ಅಪ್‌ಡೇಟ್ ಹಾಕಿಕೊಳ್ಳಲು ಕೂತಿತು. ಕೌಂಟರಿನಲ್ಲಿದ್ದ ಹಿರಿಯರು ಫೋನ್ ಮಾಡಿ, “ತಮಾ, ಬೆಳಗಿಂದ ಚಕ್ರ ತಿರುಗ್ತಾ ಇದ್ದು. ಹೊರಗೆ ಜನ ಕಾಯ್ತಾ ಇದ್ದ” ಎಂದರು. ಎಲ್ಲ ಅಪ್‌ಡೇಟೂ ಆಗಿದೆ ಎಂದು ಲಾಗ್ ಹೇಳುತ್ತಿರುವಾಗ ಈ ಯಂತ್ರಕ್ಕೆ ಒಮ್ಮೆಲೇ ಇಷ್ಟೊಂದು ಅಪ್‌ಡೇಟ್ ಎಲ್ಲಿಂದ ಬಂತು? ಅಲ್ಲಿಂದ ಹುಡುಕಾಟ ಶುರು.

ಈ ಕೈಪಿಡಿ ಇಂಥ ಸ್ವಂತ ಸ್ಕ್ರಿಪ್ಟ್ ಇಟ್ಟುಕೊಂಡವರಿಗೆ: ವಿಬಿಸ್ಕ್ರಿಪ್ಟ್ ಇರಲಿ, ಅದಕ್ಕಿಂತ ಹೊಸದಾದ ಪವರ್‌ಶೆಲ್ ಇರಲಿ, ವಿಂಡೋಸ್ ಅಪ್‌ಡೇಟ್ ಏಜೆಂಟ್‌ಗೆ (ಅಪ್‌ಡೇಟ್ ಹುಡುಕಿ, ಇಳಿಸಿ, ಹಾಕುವ ವಿಂಡೋಸ್‌ನ ಭಾಗ) ನೇರವಾಗಿ ಮಾತಾಡುವ ಯಾವುದೇ ಪ್ರೋಗ್ರಾಂ ಇರಲಿ. ದೋಷ ಸಂಖ್ಯೆಗಳನ್ನು ಬರೆಯುವಾಗ ಮುಂದಿನ ‘ಸೊನ್ನೆ ಎಕ್ಸ್’ ಬಿಟ್ಟಿದ್ದೇನೆ.

ಮೊದಲು ಸ್ಕ್ರಿಪ್ಟ್ ಬಿಡಿ, ಯಂತ್ರವನ್ನು ಕೇಳಿ

ಸ್ಕ್ರಿಪ್ಟ್ ಬರೆದ ಲಾಗ್ ಸ್ಕ್ರಿಪ್ಟಿನದೇ ಹೇಳಿಕೆ. ಸಾಕ್ಷಿ ಬೇಕಾದರೆ ಯಂತ್ರದೊಳಗೇ ಇದೆ. ‘ವಿನ್‌ವರ್’ ಆಜ್ಞೆ ಕೊಟ್ಟರೆ ವಿಂಡೋಸ್‌ನ ಬಿಲ್ಡ್ ಸಂಖ್ಯೆ ಕಾಣುತ್ತದೆ. ತಿಂಗಳ ಮುಖ್ಯ ಅಪ್‌ಡೇಟ್ ಬಂದಾಗ ಈ ಸಂಖ್ಯೆಯಲ್ಲಿ ಚುಕ್ಕೆಯ ನಂತರದ ಭಾಗ ಬದಲಾಗಬೇಕು. ನಮ್ಮ ಕುಮಟಾದ ಯಂತ್ರದಲ್ಲಿ ಅದು ತಿಂಗಳುಗಟ್ಟಲೆ ಅಲ್ಲಾಡಿರಲಿಲ್ಲ.

ಆಮೇಲೆ ವಿಂಡೋಸ್‌ನ ಸ್ವಂತ ದಾಖಲೆಗಳನ್ನು ತೋರಿಸುವ ಈವೆಂಟ್ ವ್ಯೂವರ್ ತೆರೆದು ಸಿಸ್ಟಂ ಲಾಗ್‌ನಲ್ಲಿ ‘ವಿಂಡೋಸ್ ಅಪ್‌ಡೇಟ್ ಕ್ಲೈಂಟ್’ ಮೂಲದ ನಮೂದುಗಳನ್ನು ಮಾತ್ರ ಸೋಸಿಕೊಳ್ಳಿ. ನಾಲ್ಕು ಸಂಖ್ಯೆ ನೆನಪಿಟ್ಟರೆ ಸಾಕು. 44 ಇದ್ದರೆ ಡೌನ್‌ಲೋಡ್ ಶುರುವಾಗಿದೆ. 43 ಇದ್ದರೆ ಇನ್‌ಸ್ಟಾಲ್ ಶುರುವಾಗಿದೆ. 19 ಬಂದರೆ ಇನ್‌ಸ್ಟಾಲ್ ಆಗಿದೆ, 20 ಬಂದರೆ ಬಿದ್ದಿದೆ. ಸ್ಕ್ರಿಪ್ಟ್ ಓಡಿದ ರಾತ್ರಿಯ ವೇಳೆಗೆ ಇವುಗಳಲ್ಲಿ ಯಾವುದು ಇದೆ, ಯಾವುದು ಇಲ್ಲ ಎಂದು ನೋಡಿದರೆ ದೋಷ ಯಾವ ಹಂತದಲ್ಲಿದೆ ಎಂಬುದು ಅಲ್ಲೇ ಗೊತ್ತಾಗುತ್ತದೆ. ನಮ್ಮಲ್ಲಿ 44 ಕೂಡ ಇರಲಿಲ್ಲ. ಎಂದರೆ ಡೌನ್‌ಲೋಡೇ ಶುರುವಾಗಿಲ್ಲ. ಇನ್‌ಸ್ಟಾಲ್ ಬಗ್ಗೆ, ರೀಸ್ಟಾರ್ಟ್ ಬಗ್ಗೆ ಯೋಚಿಸುವ ಅಗತ್ಯವೇ ಇಲ್ಲ.

ಹೆಚ್ಚಿನ ವಿವರ ಬೇಕಿದ್ದರೆ ಪವರ್‌ಶೆಲ್‌ನಲ್ಲಿ ‘ಗೆಟ್-ವಿಂಡೋಸ್‌ಅಪ್‌ಡೇಟ್‌ಲಾಗ್’ ಓಡಿಸಿ. ವಿಂಡೋಸ್ 10ರಿಂದ ಈಚೆಗೆ ಅಪ್‌ಡೇಟ್ ಲಾಗ್ ಸರಳ ಪಠ್ಯವಾಗಿ ಇರುವುದಿಲ್ಲ. ಈ ಆಜ್ಞೆ ಅದನ್ನು ಓದಲು ಬರುವ ಕಡತವನ್ನಾಗಿ ಮಾಡಿ ಡೆಸ್ಕ್‌ಟಾಪ್‌ನಲ್ಲಿ ಇಡುತ್ತದೆ.

ಏನೂ ಆಗದೆ ‘ಯಶಸ್ವಿ’ ಹೇಗೆ ಬಂತು

ನನ್ನನ್ನು ಹೆಚ್ಚು ಹೊತ್ತು ಹಿಡಿದಿಟ್ಟದ್ದು ಇದೇ. ಇಂಥ ಹಳೆಯ ಸ್ಕ್ರಿಪ್ಟ್‌ಗಳು ಇನ್ನೂ ಎಷ್ಟೋ ಕಚೇರಿಗಳಲ್ಲಿ ಓಡುತ್ತಿವೆ, ಅದಕ್ಕೇ ಬಿಡಿಸಿ ಹೇಳುತ್ತೇನೆ.

ಸ್ಕ್ರಿಪ್ಟಿನ ಮೊದಲ ಸಾಲು ‘ಆನ್ ಎರರ್ ರೆಸ್ಯೂಮ್ ನೆಕ್ಸ್ಟ್’. ದೋಷ ಬಂದರೆ ನಿಲ್ಲಬೇಡ, ಮುಂದಿನ ಸಾಲಿಗೆ ಹೋಗು ಎಂದು ಅದರ ಅರ್ಥ. ಕೊನೆಯಲ್ಲಿ ಒಂದು ‘ಇಫ್’ ಇತ್ತು: ಇನ್‌ಸ್ಟಾಲ್ ಫಲಿತಾಂಶದ ‘ರಿಸಲ್ಟ್‌ಕೋಡ್’ 2 ಆಗಿದ್ದರೆ ‘ಯಶಸ್ವಿ’ ಎಂದು ಬರೆ. ಓದಿದರೆ ಏನೂ ತಪ್ಪು ಕಾಣದು. ಆದರೆ ಇನ್‌ಸ್ಟಾಲ್ ನಡೆದೇ ಇಲ್ಲದಾಗ ಫಲಿತಾಂಶದ ಆಬ್ಜೆಕ್ಟ್ ಖಾಲಿ. ಖಾಲಿ ಆಬ್ಜೆಕ್ಟಿನ ರಿಸಲ್ಟ್‌ಕೋಡ್ ಕೇಳಿದರೆ ‘ಇಫ್’ ಸಾಲಿನಲ್ಲೇ ದೋಷ. ಆಗ ವಿಬಿಸ್ಕ್ರಿಪ್ಟ್ ‘ಮುಂದಿನ ಸಾಲಿಗೆ’ ಹೋಗುತ್ತದೆ. ಆ ಮುಂದಿನ ಸಾಲು ಯಾವುದು? ‘ಇಫ್’ನ ಒಳಗಿರುವ, ‘ಯಶಸ್ವಿ’ ಎಂದು ಬರೆಯುವ ಸಾಲೇ. ಷರತ್ತು ನಿಜವೂ ಅಲ್ಲ, ಸುಳ್ಳೂ ಅಲ್ಲ. ಅದು ಮುರಿದು ಬಿದ್ದಿದೆ. ಆದರೂ ಒಳಗೆ ಪ್ರವೇಶ ಸಿಕ್ಕಿತು.

ಆ ಮೊದಲ ಸಾಲನ್ನು ತೆಗೆದುಹಾಕಿ ಓಡಿಸಿದೆ. ಆಗ ನಿಜವಾದ ದೋಷ ಮೊದಲ ಸಲ ಮುಖ ತೋರಿಸಿತು: 80070005, ಅನುಮತಿ ನಿರಾಕರಿಸಲಾಗಿದೆ.

ಹಳೆಯ ವಿಬಿಸ್ಕ್ರಿಪ್ಟ್ ಇಟ್ಟುಕೊಂಡವರಿಗೆ ಇನ್ನೊಂದು ಮಾತು. ಮೈಕ್ರೋಸಾಫ್ಟ್ 2023ರ ಅಕ್ಟೋಬರಿನಲ್ಲೇ ವಿಬಿಸ್ಕ್ರಿಪ್ಟ್‌ಗೆ ವಿದಾಯ ಘೋಷಿಸಿದೆ. ಮುಂದಿನ ದಿನಗಳಲ್ಲಿ ಅದು ವಿಂಡೋಸ್‌ನಲ್ಲಿ ಇರುವುದಿಲ್ಲ. ದುರಸ್ತಿ ಮಾಡುವ ಶ್ರಮವನ್ನು ಪವರ್‌ಶೆಲ್‌ನಲ್ಲಿ ಹೊಸದಾಗಿ ಬರೆಯಲು ಹಾಕಿ. ಬಳಸುವ ಆಬ್ಜೆಕ್ಟ್ ಅದೇ, ‘ಮೈಕ್ರೋಸಾಫ್ಟ್.ಅಪ್‌ಡೇಟ್.ಸೆಷನ್’. ಹೆಚ್ಚೇನೂ ಬದಲಾಗದು.

80070005: ಇದು ಪಾಸ್‌ವರ್ಡಿನ ತಕರಾರಲ್ಲ

ಅನುಮತಿ ಇಲ್ಲ ಎಂದ ಕೂಡಲೇ ಎಲ್ಲರೂ ಮಾಡುವುದನ್ನೇ ನಾನೂ ಮಾಡಿದೆ. ಬಳಕೆದಾರನನ್ನು ಅಡ್ಮಿನಿಸ್ಟ್ರೇಟರ್ ಗುಂಪಿಗೆ ಸೇರಿಸಿದೆ, ಮೊದಲೇ ಸೇರಿದ್ದ. ಫೈರ್‌ವಾಲ್ ಸಡಿಲಿಸಿದೆ. ಡಿಕಾಮ್ (ಬೇರೆ ಯಂತ್ರದ ಪ್ರೋಗ್ರಾಂ ಕರೆಯಲು ಬಿಡುವ ವಿಂಡೋಸ್ ವ್ಯವಸ್ಥೆ) ಅನುಮತಿಗಳನ್ನು ಒಂದೊಂದಾಗಿ ಬದಲಿಸಿದೆ. ಎರಡು ದಿನ ಹೋಯಿತು. ಕೊನೆಗೆ ದೇವಿಮನೆ ಘಟ್ಟ ಇಳಿದು ಕುಮಟಾ ಶಾಖೆಗೇ ಹೋಗಿ, ಆ ಯಂತ್ರದ ಮುಂದೆ ಕೂತು ಅದೇ ಸ್ಕ್ರಿಪ್ಟನ್ನು ಓಡಿಸಿದರೆ ಸರಾಗವಾಗಿ ನಡೆಯಿತು. ಅದೇ ಬಳಕೆದಾರ, ಅದೇ ಪಾಸ್‌ವರ್ಡ್.

ಕಾರಣ ಇಷ್ಟೇ. ಅಪ್‌ಡೇಟ್ ಏಜೆಂಟ್ ಬೇರೆ ಯಂತ್ರದಿಂದ ಬರುವ ಕರೆಗೆ ಹುಡುಕಲು ಬಿಡುತ್ತದೆ, ಇತಿಹಾಸ ಓದಲು ಬಿಡುತ್ತದೆ. ಡೌನ್‌ಲೋಡ್ ಮಾಡಲು, ಇನ್‌ಸ್ಟಾಲ್ ಮಾಡಲು ಬಿಡುವುದಿಲ್ಲ. ಅದನ್ನು ಹಾಗೆಂದೇ ಕಟ್ಟಿದ್ದಾರೆ. ಎಷ್ಟು ಅಧಿಕಾರ ಕೊಟ್ಟರೂ ಈ ಬಾಗಿಲು ತೆರೆಯದು. ದೂರದ ಯಂತ್ರದಲ್ಲಿ ಆಜ್ಞೆ ಓಡಿಸುವ ಪವರ್‌ಶೆಲ್ ರಿಮೋಟಿಂಗ್ ಮೂಲಕ ಹೋದರೂ ಅದೇ ಗೋಡೆ, ಯಾಕೆಂದರೆ ಆಗಲೂ ಒಳಗೆ ಬಂದವನು ನೆಟ್‌ವರ್ಕ್ ಮೂಲಕ ಬಂದವನೇ.

ದಾರಿ ತಪ್ಪಿಸುವುದು ಹುಡುಕಾಟ ಕೆಲಸ ಮಾಡುವುದರಿಂದ. ಶಿರಸಿಯಲ್ಲಿ ಕೂತು ‘ಈಸ್‌ಇನ್‌ಸ್ಟಾಲ್ಡ್ = 0’ ಎಂದು ಹುಡುಕಿದರೆ ಕುಮಟಾದ ಯಂತ್ರಕ್ಕೆ ಬಾಕಿ ಇರುವ ಅಪ್‌ಡೇಟ್‌ಗಳ ಪಟ್ಟಿ ಚೆನ್ನಾಗಿಯೇ ಬರುತ್ತದೆ. ಸಂಪರ್ಕ ಇದೆ, ಅನುಮತಿಯೂ ಇದೆ ಎಂದು ನಂಬಿಕೆ ಹುಟ್ಟುತ್ತದೆ. ಪರೀಕ್ಷಿಸುವ ಬಗೆ ಸುಲಭ: ಹುಡುಕಾಟ ಆಗಿ ಡೌನ್‌ಲೋಡರ್ ಹಂತದಲ್ಲಿ 80070005 ಬಂದರೆ, ಮತ್ತು ಅದೇ ಸ್ಕ್ರಿಪ್ಟ್ ಯಂತ್ರದ ಮುಂದೆ ಕೂತಾಗ ಓಡಿದರೆ, ಅದು ಇದೇ ದೋಷ. ಅನುಮತಿಗಳನ್ನು ಮುಟ್ಟಬೇಡಿ. ಮುಟ್ಟಿದ್ದರೆ ಮೊದಲಿದ್ದಂತೆ ಮಾಡಿ. ನಾನು ಸಡಿಲಿಸಿದ್ದ ಫೈರ್‌ವಾಲ್ ನಿಯಮಗಳನ್ನೆಲ್ಲ ಆ ದಿನವೇ ಮುಚ್ಚಿ ಬಂದೆ.

ಪರಿಹಾರ: ಸ್ಕ್ರಿಪ್ಟನ್ನು ಆಯಾ ಯಂತ್ರಕ್ಕೇ ಕಳಿಸಿ, ಅಲ್ಲಿಯೇ ಟಾಸ್ಕ್ ಶೆಡ್ಯೂಲರ್‌ನಲ್ಲಿ (ಹೇಳಿದ ವೇಳೆಗೆ ಕೆಲಸ ಓಡಿಸುವ ವಿಂಡೋಸ್ ಸಾಧನ) ಸಿಸ್ಟಂ ಖಾತೆಯಡಿ, ಎಂದರೆ ವಿಂಡೋಸ್‌ನ ಸ್ವಂತ ಒಳ ಖಾತೆಯಡಿ, ಓಡುವ ಕೆಲಸವಾಗಿ ದಾಖಲಿಸಬೇಕು. ಶಿರಸಿಯಿಂದ ಮಾಡುವುದು ಆ ಕೆಲಸವನ್ನು ಎಬ್ಬಿಸುವುದು ಮತ್ತು ಮುಗಿದ ಮೇಲೆ ಲಾಗ್ ತರಿಸಿಕೊಳ್ಳುವುದು, ಅಷ್ಟೇ. ‘ಪಿಎಸ್‌ವಿಂಡೋಸ್‌ಅಪ್‌ಡೇಟ್’ ಎಂಬ ಸಿದ್ಧ ಪವರ್‌ಶೆಲ್ ಮಾಡ್ಯೂಲ್ ಕೂಡ ದೂರದ ಯಂತ್ರಗಳಿಗೆ ಇದೇ ಉಪಾಯ ಮಾಡುತ್ತದೆ.

ಸಿಸ್ಟಂ ಖಾತೆಗೆ ಬದಲಾದ ಮೇಲೆ ಏಳುವ ಹೊಸ ದೋಷಗಳು

ಕುಮಟಾ ಸರಿಯಾಯಿತು. ಕಾರವಾರದ ಎರಡು ಯಂತ್ರ ಈಗ ಹುಡುಕಾಟದಲ್ಲೇ ಬೀಳತೊಡಗಿದವು: 8024402ಸಿ. ಸರ್ವರಿನ ಹೆಸರಿಗೆ ವಿಳಾಸ ಸಿಗುತ್ತಿಲ್ಲ ಎಂದು ಇದರ ಅರ್ಥ. ಬ್ರೌಸರಿನಲ್ಲಿ ಅಂತರ್ಜಾಲ ಚೆನ್ನಾಗಿ ಬರುತ್ತಿದೆ, ಹೆಸರು ಸಿಗುತ್ತಿಲ್ಲ ಎಂದರೆ ಯಾರ ಹೆಸರು?

ವಿಂಡೋಸ್ ತನ್ನ ಸೆಟ್ಟಿಂಗ್‌ಗಳನ್ನು ಇಡುವ ರಿಜಿಸ್ಟ್ರಿಯಲ್ಲಿ ‘ಲೋಕಲ್ ಮಷೀನ್’ ಅಡಿಯ ಸಾಫ್ಟ್‌ವೇರ್, ಪಾಲಿಸೀಸ್, ಮೈಕ್ರೋಸಾಫ್ಟ್, ವಿಂಡೋಸ್, ವಿಂಡೋಸ್‌ಅಪ್‌ಡೇಟ್ ದಾರಿಯಲ್ಲಿ ಹೋಗಿ ‘ಡಬ್ಲ್ಯುಯುಸರ್ವರ್’ ಮೌಲ್ಯ ನೋಡಿ. ನಮ್ಮಲ್ಲಿ ಅಲ್ಲಿ ಒಂದು ಸರ್ವರ್ ಹೆಸರು, ಕೊನೆಯಲ್ಲಿ 8530 ಎಂಬ ಪೋರ್ಟ್ ಇತ್ತು. ಅದು ಡಬ್ಲ್ಯುಎಸ್‌ಯುಎಸ್ ಸರ್ವರಿನ ಪೋರ್ಟ್, ಎಂದರೆ ಕಚೇರಿಯೊಳಗೇ ಅಪ್‌ಡೇಟ್ ಸಂಗ್ರಹಿಸಿ ಹಂಚುವ ಸರ್ವರ್. ಆ ಸರ್ವರ್ ಕೆಟ್ಟು, ಅಟ್ಟಕ್ಕೆ ಹೋಗಿ ಎಷ್ಟೋ ಕಾಲವಾಗಿತ್ತು. ಈ ಎರಡು ಯಂತ್ರ ಮಾತ್ರ ಇನ್ನೂ ಅದರ ಬಾಗಿಲು ಬಡಿಯುತ್ತಿದ್ದವು. ಅದೇ ದಾರಿಯ ‘ಎಯು’ ಕೀಲಿಯೊಳಗಿನ ‘ಯೂಸ್‌ಡಬ್ಲ್ಯುಯುಸರ್ವರ್’ ಅನ್ನು 0 ಮಾಡಿ, ವಿಂಡೋಸ್ ಅಪ್‌ಡೇಟ್ ಸೇವೆಯನ್ನು ನಿಲ್ಲಿಸಿ ಮತ್ತೆ ಶುರು ಮಾಡಿದ ಮೇಲೆ ಹುಡುಕಾಟ ನಡೆಯಿತು. ನಿಮ್ಮಲ್ಲಿ ಗ್ರೂಪ್ ಪಾಲಿಸಿ (ಎಲ್ಲ ಯಂತ್ರಗಳ ಸೆಟ್ಟಿಂಗ್‌ಗಳನ್ನು ಒಂದೇ ಕಡೆಯಿಂದ ಹೇರುವ ವ್ಯವಸ್ಥೆ) ಇದ್ದರೆ ರಿಜಿಸ್ಟ್ರಿ ತಿದ್ದಿ ಪ್ರಯೋಜನವಿಲ್ಲ, ಪಾಲಿಸಿ ಅದನ್ನು ಮತ್ತೆ ಹಳೆಯದಕ್ಕೆ ತರುತ್ತದೆ. ಪಾಲಿಸಿಯಲ್ಲೇ ತೆಗೆಯಿರಿ.

ಸ್ಕ್ರಿಪ್ಟಿನೊಳಗೆ ‘ಸರ್ವರ್‌ಸೆಲೆಕ್ಷನ್’ ಎಂಬ ಗುಣವನ್ನು 2 ಎಂದು ಕೊಟ್ಟರೆ ಹುಡುಕಾಟ ನೇರ ಮೈಕ್ರೋಸಾಫ್ಟ್‌ಗೆ ಹೋಗುತ್ತದೆ, 1 ಕೊಟ್ಟರೆ ಕಚೇರಿಯ ಸರ್ವರಿಗೆ. ದೋಷ ಎಲ್ಲಿದೆ ಎಂದು ತಿಳಿಯಲು ಇದು ಒಳ್ಳೆಯ ಪರೀಕ್ಷೆ: 2ರಲ್ಲಿ ಓಡಿ 1ರಲ್ಲಿ ಬಿದ್ದರೆ ಯಂತ್ರ ಸರಿ ಇದೆ, ಸರ್ವರನ್ನು ನೋಡಿ. ಸರ್ವರ್ ಬದುಕಿದ್ದೂ 80244022 ಬಂದರೆ ಅದು 503, ಎಂದರೆ ‘ಸೇವೆ ಲಭ್ಯವಿಲ್ಲ’ ಎಂಬ ವೆಬ್ ಉತ್ತರ: ಸರ್ವರಿನ ಒಳಗಿನ ಸೇವೆ ಕುಸಿದಿದೆ.

ಪ್ರಾಕ್ಸಿ (ಅಂತರ್ಜಾಲಕ್ಕೆ ಹೋಗುವ ಸಂಪರ್ಕ ಹಾದುಹೋಗುವ ನಡುವಿನ ಸರ್ವರ್) ಇರುವ ಕಚೇರಿಗಳಲ್ಲಿ ಇನ್ನೊಂದು ತೊಡಕು. ಬ್ರೌಸರಿನಲ್ಲಿ ಹಾಕಿದ ಪ್ರಾಕ್ಸಿ ಆ ಬಳಕೆದಾರನದು, ಸಿಸ್ಟಂ ಖಾತೆಗೆ ಅದು ಕಾಣದು. ‘ನೆಟ್‌ಎಸ್‌ಎಚ್ ವಿನ್‌ಎಚ್‌ಟಿಟಿಪಿ ಶೋ ಪ್ರಾಕ್ಸಿ’ ಎಂದು ಕೇಳಿ ನೋಡಿ. ಪ್ರಾಕ್ಸಿ ಬೇಕಿರುವಲ್ಲಿ ‘ನೇರ ಸಂಪರ್ಕ’ ಎಂಬ ಉತ್ತರ ಬಂದರೆ ಅಲ್ಲಿಯೇ ಹಾಕಬೇಕು. ಇಂಥ ಕಡೆ 80072ಇಇ2 ಕೂಡ ಬರಬಹುದು, ಅದು ಕಾದು ಕಾದು ಸಮಯ ಮೀರಿತು ಎಂಬ ಸಂಖ್ಯೆ.

ಅಂಕೋಲಾದ ಒಂದು ಯಂತ್ರ ಮಾತ್ರ 80072ಎಫ್8ಎಫ್ ಎನ್ನುತ್ತಿತ್ತು. ಗಡಿಯಾರ ನೋಡಿದರೆ ದಿನಾಂಕ ವರ್ಷಗಟ್ಟಲೆ ಹಿಂದೆ. ದಿನಾಂಕ ತಪ್ಪಿದರೆ ಸರ್ವರಿನ ಪ್ರಮಾಣಪತ್ರ ಒಪ್ಪಿಗೆಯಾಗದು, ಸುರಕ್ಷಿತ ಸಂಪರ್ಕ ಬೀಳುತ್ತದೆ. ಗಡಿಯಾರ ಸರಿ ಮಾಡಿದರೆ ಓಡಿತು, ಮರುದಿನ ಮತ್ತೆ ಹಿಂದೆ. ಮದರ್‌ಬೋರ್ಡಿನ ಸಿಆರ್2032 ಗುಂಡಿ ಬ್ಯಾಟರಿ ಸತ್ತಿತ್ತು. ಕರೆಂಟು ಇರುವವರೆಗೆ ಗಡಿಯಾರ ನಡೆಯುತ್ತದೆ, ಪ್ಲಗ್ಗಿಗೆ ವಿದ್ಯುತ್ ಬರುವುದು ನಿಂತರೆ ಮರೆತುಬಿಡುತ್ತದೆ. ಮಳೆಗಾಲದಲ್ಲಿ ಕರಾವಳಿಯಲ್ಲಿ ಕರೆಂಟು ಹೋಗದ ದಿನ ಯಾವುದು? ಬ್ಯಾಟರಿ ಬದಲಾಯಿಸಿದ ಮೇಲೆ ಆ ಯಂತ್ರದ ತಕರಾರಿಲ್ಲ.

ಡೌನ್‌ಲೋಡ್ ಆಗಿ ಇನ್‌ಸ್ಟಾಲ್ ಬಿದ್ದರೆ

ಇಲ್ಲಿ ಒಟ್ಟು ಫಲಿತಾಂಶ ನೋಡಿ ತೀರ್ಮಾನ ಮಾಡಬೇಡಿ. ರಿಸಲ್ಟ್‌ಕೋಡ್ 2 ಎಂದರೆ ಆಯಿತು, 3 ಎಂದರೆ ಕೆಲವು ಆಗಿ ಕೆಲವು ಬಿದ್ದಿವೆ, 4 ಬಿದ್ದಿದೆ, 5 ನಡುವೆ ನಿಂತಿದೆ. 3ನ್ನು ಯಶಸ್ಸು ಎಂದು ಲೆಕ್ಕ ಹಾಕುವ ಸ್ಕ್ರಿಪ್ಟ್‌ಗಳು ಬಹಳ. ‘ಗೆಟ್‌ಅಪ್‌ಡೇಟ್‌ರಿಸಲ್ಟ್’ ಬಳಸಿ ಒಂದೊಂದು ಅಪ್‌ಡೇಟಿನ ಕೋಡ್ ಮತ್ತು ‘ಎಚ್‌ರಿಸಲ್ಟ್’ ಎರಡನ್ನೂ ಲಾಗ್‌ಗೆ ಬರೆಸಿ.

80070070 ಎಂದರೆ ಡಿಸ್ಕಿನಲ್ಲಿ ಜಾಗ ಇಲ್ಲ. 80240016 ಬಂದರೆ ಬೇರೊಂದು ಇನ್‌ಸ್ಟಾಲ್ ನಡೆಯುತ್ತಿದೆ ಅಥವಾ ಹಿಂದಿನ ಅಪ್‌ಡೇಟ್‌ಗೆ ರೀಸ್ಟಾರ್ಟ್ ಬಾಕಿ ಇದೆ. ಇನ್‌ಸ್ಟಾಲ್ ಕರೆಯುವ ಮೊದಲೇ ಇನ್‌ಸ್ಟಾಲರ್‌ನ ‘ಈಸ್‌ಬಿಝಿ’ ಮತ್ತು ‘ರೀಬೂಟ್‌ರಿಕ್ವೈರ್ಡ್‌ಬಿಫೋರ್‌ಇನ್‌ಸ್ಟಾಲೇಶನ್’ ಎರಡನ್ನೂ ಕೇಳಿದರೆ ಇದು ಎದುರಾಗದು. ಪರವಾನಗಿ ಒಪ್ಪಿಗೆ ಬೇಡುವ ಅಪ್‌ಡೇಟ್‌ಗಳಿಗೆ ‘ಅಕ್ಸೆಪ್ಟ್‌ಯೂಲಾ’ ಕರೆಯಬೇಕು. ಬಳಕೆದಾರನಿಂದ ಉತ್ತರ ಬೇಡುವಂಥವನ್ನು ರಾತ್ರಿಯ ಪಟ್ಟಿಯಿಂದ ಹೊರಗಿಡಿ.

ಹುಡುಕಿದರೆ ಏನೂ ಸಿಗದಿರುವುದೂ ಒಂದು ಲಕ್ಷಣ, ಆದರೆ ಯಾವಾಗಲೂ ದೋಷವಲ್ಲ. ವಿಂಡೋಸ್ 10ಕ್ಕೆ ಸಾಮಾನ್ಯ ಬೆಂಬಲ 2025ರ ಅಕ್ಟೋಬರ್ 14ಕ್ಕೆ ಮುಗಿದಿದೆ. ವಿಸ್ತರಿತ ಭದ್ರತಾ ಯೋಜನೆಗೆ ಸೇರದ ಯಂತ್ರಕ್ಕೆ ತಿಂಗಳ ಭದ್ರತಾ ಅಪ್‌ಡೇಟ್ ಬರುವುದಿಲ್ಲ, ಸ್ಕ್ರಿಪ್ಟ್ ಎಷ್ಟೇ ಚೆನ್ನಾಗಿದ್ದರೂ. ಇನ್ನು ವೇಳೆಯ ಲೆಕ್ಕ: ಅಪ್‌ಡೇಟ್ ಬಿಡುಗಡೆ ತಿಂಗಳ ಎರಡನೇ ಮಂಗಳವಾರ, ಅಮೆರಿಕದ ಪೆಸಿಫಿಕ್ ಸಮಯ ಬೆಳಿಗ್ಗೆ 10ಕ್ಕೆ. ನಮಗೆ ಅದು ಮಂಗಳವಾರ ರಾತ್ರಿ 10.30, ಅಲ್ಲಿಯ ಚಳಿಗಾಲದಲ್ಲಿ 11.30. ನಮ್ಮ ಹಳೆಯ ಸ್ಕ್ರಿಪ್ಟ್ ಮಂಗಳವಾರ ರಾತ್ರಿ 9ಕ್ಕೇ ಓಡಿ ಮುಗಿಸುತ್ತಿತ್ತು! ಈಗ ಅದನ್ನು ಶನಿವಾರ ರಾತ್ರಿಗೆ ಹಾಕಿದ್ದೇನೆ. ಶಿರಸಿಯ ಒಂದು ಯಂತ್ರದಲ್ಲಿ ಮೊದಲು ಹಾಕಿ, ತೂಕದ ಚೀಟಿಯೂ ಪ್ರಿಂಟರೂ ನಾಲ್ಕು ದಿನ ಸರಿಯಾಗಿ ನಡೆದರೆ ಮಾತ್ರ ಉಳಿದವಕ್ಕೆ ಬಿಡುತ್ತೇನೆ.

‘ಸಾಫ್ಟ್‌ವೇರ್‌ಡಿಸ್ಟ್ರಿಬ್ಯೂಷನ್’ ಫೋಲ್ಡರ್ ಅಳಿಸಿ ಎಂಬ ಸಲಹೆ ಎಲ್ಲ ಕಡೆ ಸಿಗುತ್ತದೆ. ಮೇಲಿನ ಯಾವ ದೋಷಕ್ಕೂ ಅದು ಮದ್ದಲ್ಲ. ಅಳಿಸಿದರೆ ಅಪ್‌ಡೇಟ್ ಇತಿಹಾಸವೂ ಹೋಗುತ್ತದೆ, ಅರ್ಧ ಇಳಿದ ಡೌನ್‌ಲೋಡೂ ಹೋಗುತ್ತದೆ. ನಿಧಾನದ ಸಂಪರ್ಕ ಇರುವ ಶಾಖೆಯಲ್ಲಿ ಅದನ್ನು ಮತ್ತೆ ಇಳಿಸುವುದಕ್ಕೆ ಒಂದು ರಾತ್ರಿ ಬೇಕು. ಸಂಗ್ರಹವೇ ಹಾಳಾಗಿದೆ ಎಂದು ಲಾಗ್‌ನಲ್ಲಿ ಸ್ಪಷ್ಟವಾಗಿ ಕಂಡಾಗ ಮಾತ್ರ ವಿಂಡೋಸ್ ಅಪ್‌ಡೇಟ್ ಮತ್ತು ಬಿಟ್ಸ್ (ಹಿನ್ನೆಲೆಯಲ್ಲಿ ಕಡತ ಇಳಿಸುವ) ಸೇವೆಗಳನ್ನು ನಿಲ್ಲಿಸಿ, ಫೋಲ್ಡರಿನ ಹೆಸರು ಬದಲಾಯಿಸಿ. ಅಳಿಸುವುದು ಆಮೇಲಿನ ಮಾತು.

ನಡುರಾತ್ರಿ ನಿಂತುಹೋಗುವ ಕೆಲಸ

ಇಷ್ಟೆಲ್ಲ ಸರಿಯಾದ ಮೇಲೂ ಕಾರವಾರದ ಒಂದು ಯಂತ್ರದಲ್ಲಿ ಲಾಗ್ ಅರ್ಧಕ್ಕೆ ನಿಲ್ಲುತ್ತಿತ್ತು. ದೋಷ ಸಂಖ್ಯೆ ಇಲ್ಲ, ಏನೂ ಇಲ್ಲ, ಬರೆಯುತ್ತಿದ್ದವನು ಎದ್ದು ಹೋದ ಹಾಗೆ. ಯಂತ್ರ ಮಾತ್ರ ಆಫ್ ಆಗಿರಲಿಲ್ಲ. ಒಂದು ವಾರ ಸರಿ, ಇನ್ನೊಂದು ವಾರ ಇಲ್ಲ.

ಟಾಸ್ಕ್ ಶೆಡ್ಯೂಲರ್‌ನ ಇತಿಹಾಸ ಮೊದಲಿನಿಂದ ಬಂದ್ ಇರುತ್ತದೆ. ಬಲಬದಿಯ ಪಟ್ಟಿಯಲ್ಲಿ ಅದನ್ನು ಚಾಲೂ ಮಾಡಿ ಮುಂದಿನ ವಾರಕ್ಕೆ ಕಾದೆ. ನಿಂತ ಕ್ಷಣದಲ್ಲಿ 327 ಎಂಬ ನಮೂದು ಸಿಕ್ಕಿತು: ಯಂತ್ರ ಬ್ಯಾಟರಿಗೆ ಬದಲಾದ್ದರಿಂದ ಕೆಲಸ ನಿಲ್ಲಿಸಲಾಗಿದೆ. ಮೇಜಿನ ಮೇಲಿನ ಡೆಸ್ಕ್‌ಟಾಪ್‌ಗೆ ಬ್ಯಾಟರಿ ಎಲ್ಲಿಂದ ಎಂದು ತಲೆ ಕೆಡಿಸಿಕೊಂಡೆ. ಆ ಶಾಖೆಗೆ ಹೊಸ ಯುಪಿಎಸ್ ತಂದಿದ್ದರು, ಅದರ ಯುಎಸ್‌ಬಿ ತಂತಿಯನ್ನೂ ಕಂಪ್ಯೂಟರಿಗೆ ಜೋಡಿಸಿದ್ದರು. ಹಾಗೆ ಜೋಡಿಸಿದ ಯುಪಿಎಸ್ ವಿಂಡೋಸ್ ಕಣ್ಣಿಗೆ ಬ್ಯಾಟರಿಯೇ. ಕರೆಂಟು ಹೋದ ಕೂಡಲೇ ಡೆಸ್ಕ್‌ಟಾಪ್ ಕೂಡ ಲ್ಯಾಪ್‌ಟಾಪಿನ ಲೆಕ್ಕಕ್ಕೆ ಬರುತ್ತದೆ. ಟಾಸ್ಕ್ ಶೆಡ್ಯೂಲರ್‌ನಲ್ಲಿ ಹೊಸ ಕೆಲಸ ಮಾಡುವಾಗ ‘ಕರೆಂಟಿನ ಮೇಲಿದ್ದರೆ ಮಾತ್ರ ಶುರು ಮಾಡು, ಬ್ಯಾಟರಿಗೆ ಬದಲಾದರೆ ನಿಲ್ಲಿಸು’ ಎಂಬ ಎರಡು ಗುರುತು ತಾವಾಗಿಯೇ ಹಾಕಿರುತ್ತವೆ. ಮಳೆ ಗಾಳಿಗೆ ಎರಡು ನಿಮಿಷ ಕರೆಂಟು ಹೋಗಿ ಬಂದರೂ ಸ್ಕ್ರಿಪ್ಟ್ ಸತ್ತಿರುತ್ತದೆ.

ಎರಡೂ ಗುರುತುಗಳನ್ನು ತೆಗೆದುಬಿಡುವುದು ಸರಿಯಲ್ಲ ಎಂದು ನನ್ನ ಅಭಿಪ್ರಾಯ. ಇನ್‌ಸ್ಟಾಲ್ ನಡುವೆ ಯುಪಿಎಸ್ ಕೂಡ ಮುಗಿದರೆ ನಷ್ಟ ದೊಡ್ಡದು. ನಾನು ಕೆಲಸವನ್ನು ಎರಡು ಮಾಡಿದೆ. ಹುಡುಕುವುದು ಮತ್ತು ಡೌನ್‌ಲೋಡ್ ಮಾಡುವುದು ಒಂದು ಕೆಲಸ. ಇದಕ್ಕೆ ಎರಡು ಗುರುತೂ ಇಲ್ಲ, ಕರೆಂಟು ಹೋದರೂ ನಡೆಯಲಿ. ಇನ್‌ಸ್ಟಾಲ್ ಇನ್ನೊಂದು ಕೆಲಸ. ಇದಕ್ಕೆ ಶುರುವಿನ ಗುರುತು ಉಳಿಸಿ, ನಿಲ್ಲಿಸುವ ಗುರುತು ತೆಗೆದೆ. ಕರೆಂಟು ಇದ್ದಾಗ ಮಾತ್ರ ಶುರುವಾಗುತ್ತದೆ, ಶುರುವಾದ ಮೇಲೆ ನಡುವೆ ಯಾರೂ ಕೊಲ್ಲುವುದಿಲ್ಲ.

ರೀಸ್ಟಾರ್ಟ್‌ಗೂ ಸ್ಕ್ರಿಪ್ಟೇ ಗಡಿಯಾರ ನೋಡಬೇಕು. ವಿಂಡೋಸ್‌ನ ‘ಆಕ್ಟಿವ್ ಅವರ್ಸ್’ (ಯಂತ್ರ ಬಳಕೆಯಲ್ಲಿರುವ ವೇಳೆ ಎಂದು ಗುರುತಿಸಿದ ಗಂಟೆಗಳು) ಅದರ ಸ್ವಂತ ರೀಸ್ಟಾರ್ಟನ್ನು ಮಾತ್ರ ತಡೆಯುತ್ತದೆ, ನಾವು ಕೊಟ್ಟ ‘ಶಟ್‌ಡೌನ್’ ಆಜ್ಞೆಯನ್ನಲ್ಲ. ಇನ್‌ಸ್ಟಾಲ್ ಮುಗಿದು ‘ರೀಬೂಟ್‌ರಿಕ್ವೈರ್ಡ್’ ನಿಜ ಎಂದು ಬಂದಾಗ ಸಮಯ ಬೆಳಗಿನ ನಾಲ್ಕು ಗಂಟೆ ದಾಟಿದ್ದರೆ ನಮ್ಮ ಸ್ಕ್ರಿಪ್ಟ್ ಈಗ ಯಂತ್ರವನ್ನು ಮುಟ್ಟದೆ ‘ರೀಸ್ಟಾರ್ಟ್ ಬಾಕಿ’ ಎಂದು ಬರೆದು ಸುಮ್ಮನಾಗುತ್ತದೆ. ಮರುದಿನ ಸಂಜೆ ಟೆಂಡರ್ ಮುಗಿದು ಕೊನೆಯ ಚೀಟಿ ಹೋದ ಮೇಲೆ, ಕೌಂಟರಿನ ಹಿರಿಯರೇ ಫೋನ್ ಮಾಡಿ ಕೇಳುತ್ತಾರೆ: “ತಮಾ, ಈಗ ಮಾಡಲಕ್ಕಾ?” ಮಾಡಬಹುದು ಎನ್ನುತ್ತೇನೆ. ಅವರೇ ರೀಸ್ಟಾರ್ಟ್ ಒತ್ತಿ, ಬಿಲ್ಡ್ ಸಂಖ್ಯೆ ಓದಿ ಹೇಳಿ, ಮನೆಗೆ ಹೊರಡುತ್ತಾರೆ.